ತಮ್ಮನ ನೆತ್ತಿಯ ಎರಡು ಸುಳಿ

ಕೋರ್ಟಿನಲ್ಲಿ ಸಲೂನು ನಡೆಸುವ ಅಣ್ಣನ ಕಣ್ಣಿಗೆ ನ್ಯಾಯಾಧೀಶರೂ ಬೀಳುತ್ತಿರಲಿಲ್ಲ, ವಕೀಲರೂ ಬೀಳುತ್ತಿರಲಿಲ್ಲ. ಕಾಣುತ್ತಿದ್ದದ್ದು ಮುಂದಿನ ಬೆಂಚಿನಲ್ಲಿ ಕೂತ ತಮ್ಮನ ಹಿಂದಲೆ. ಅದನ್ನು ಯಾರೋ ಪುಣ್ಯಾತ್ಮ ಹಾಳುಗೆಡವಿದ್ದ.

ತಮ್ಮನ ನೆತ್ತಿಯಲ್ಲಿ ಎರಡು ಸುಳಿ. ಒಂದು ಬಲಕ್ಕೆ ತಿರುಗಿದರೆ ಇನ್ನೊಂದು ಎಡಕ್ಕೆ. ಅಲ್ಲಿ ಕೂದಲು ಗಿಡ್ಡ ಮಾಡಿದರೆ ಮುಳ್ಳುಹಂದಿಯಂತೆ ಎದ್ದು ನಿಲ್ಲುತ್ತದೆ. ಅಲ್ಲಿ ಕತ್ತರಿ ಆಡಿಸುವ ಬಗೆಯನ್ನು ಅಪ್ಪ ಅಣ್ಣನಿಗೆ ಕೈಹಿಡಿದು ಕಲಿಸಿದ್ದ. ತಮ್ಮನಿಗೆ ಮೀಸೆ ಮೂಡುವ ಮೊದಲಿನಿಂದ ಅವನ ಮಗಳ ಮದುವೆಯವರೆಗೆ ಆ ತಲೆ ಬೇರೆಯವರ ಕತ್ತರಿ ಕಂಡದ್ದಿಲ್ಲ. ಬೋಳುತಲೆಯ ನಮ್ಮಂಥವರಿಗೆ ಈ ಸಂಬಂಧ ಸುಲಭವಾಗಿ ಅರ್ಥವಾಗುವುದಲ್ಲ.

ಜಗಳದ ಮೂಲ ಅಪ್ಪನ ಮನೆಯ ಹಿತ್ತಲು. ಮನೆ ಪಾಲಾದಾಗ ನಡುವಿನ ಒಂದೂವರೆ ಅಡಿ ಯಾರದೆಂದು ಯಾರೂ ಕೇಳಲಿಲ್ಲ. ಅಣ್ಣ ಅಲ್ಲಿ ಸಲೂನಿನ ಒದ್ದೆ ಟವೆಲು ಒಣಹಾಕಿದ. ಪ್ರೆಸ್ಸಿನಲ್ಲಿ ದುಡಿಯುವ ತಮ್ಮ ಸೈಕಲ್ಲು ನಿಲ್ಲಿಸಿದ. ಒಂದು ದಿನ ಟವೆಲು ಚೈನಿಗೆ ಸಿಕ್ಕಿ ಕಪ್ಪಾಯಿತು, ಮಾತಿಗೆ ಮಾತು ಬೆಳೆಯಿತು. "ಕೋರ್ಟಲ್ಲಿ ತೋರಿಸ್ತೀನಿ" ಅಂದ ತಮ್ಮ. ತೋರಿಸಿದ. ಸರ್ವೆಯವರು ಎರಡು ಸಲ ಅಳೆದರು. ಎರಡು ಸಲವೂ ಬೇರೆ ಬೇರೆ ಅಳತೆ ಬಂದು ಎರಡೂ ಕಡೆಯ ವಕೀಲರಿಗೆ ಪರಮಾನಂದವಾಯಿತು.

"ಏನ್ರೀ, ಗಮನ ಎಲ್ಲಿದೆ?" ಎಂದು ಅಣ್ಣನ ವಕೀಲರು ಒಮ್ಮೆ ಪಿಸುಗುಟ್ಟಿದರು.

"ಎಡಗಿವಿ ಹಿಂದೆ ಮೆಟ್ಟಿಲು ಬಿದ್ದಿದೆ ಸಾರ್." ಅಣ್ಣನ ಕಣ್ಣು ತಮ್ಮನ ಕೂದಲಿನ ಏರುತಗ್ಗಿನ ಮೇಲಿತ್ತು.

"ಹಿತ್ತಲಲ್ಲಿ ಮೆಟ್ಟಿಲಿದೆ ಅಂತ ಮೊದಲೇ ಹೇಳೋದಲ್ವೇನ್ರೀ!"

ಮನೆಯಲ್ಲೂ ಅದೇ ರಾಗ. "ಅವರ ತಲೆ, ಅವರ ಕೂದಲು. ನಿಮಗ್ಯಾಕೆ ತಲೆನೋವು?" ಅಂದಳು ಹೆಂಡತಿ.

"ಬೇರೆಯವನ ಹತ್ರ ಹೋಗಿ ಕೂರ್ತಾನಲ್ಲೇ."

"ಇನ್ನೇನ್ ಮಾಡ್ತಾರೆ? ನೀವು ಕತ್ತಿ ಹಿಡ್ಕೊಂಡು ಕುತ್ತಿಗೆ ಹತ್ರ ನಿಂತ್ರೆ, ಕೇಸು ಹಾಕಿರೋ ಮನುಷ್ಯ ನೆಮ್ಮದಿಯಾಗಿ ಕಣ್ಣು ಮುಚ್ಚೋಕಾಗುತ್ತಾ?"

ಅಣ್ಣನಿಗೆ ಆ ಮುಚ್ಚಿದ ಕಣ್ಣುಗಳೇ ನೆನಪಾದವು. ತಮ್ಮ ಸಲೂನಿನ ಕಿಟಕಿ ಪಕ್ಕದ ಕುರ್ಚಿಯಲ್ಲಿ ಕೂತರೆ ಅರ್ಧ ಕತ್ತರಿಸುವುದರೊಳಗೆ ನಿದ್ದೆ ಹೋಗುತ್ತಿದ್ದ. ಎಡಗೈಯಲ್ಲಿ ಅವನ ತಲೆಯ ಭಾರ ಹೊತ್ತುಕೊಂಡೇ ಬಲಗೈಯಲ್ಲಿ ಕತ್ತರಿ ಆಡಿಸಬೇಕಿತ್ತು.

ಮುಂದಿನ ವಿಚಾರಣೆಯಲ್ಲಿ ನ್ಯಾಯಾಧೀಶರು, "ಒಡಹುಟ್ಟಿದವರು, ರಾಜಿ ಮಾಡ್ಕೊಳ್ಳಬಾರ್ದಾ?" ಎಂದರು. ವಕೀಲರು ಬಾಯಿ ತೆರೆಯುವ ಮೊದಲೇ ಅಣ್ಣ ಎದ್ದ.

"ಜಾಗ ಪೂರ್ತಿ ಅವನಿಗೇ ಬಿಡ್ತೀನಿ ಸ್ವಾಮಿ. ಒಂದೇ ಷರತ್ತು. ಕೂದಲಿಗೆ ನನ್ನ ಹತ್ರಾನೇ ಬರ್ಬೇಕು."

ಕೋರ್ಟಿಗೆ ಕೋರ್ಟೇ ನಕ್ಕಿತು. "ಅದನ್ನ ಆದೇಶದಲ್ಲಿ ಬರೆಯೋಕಾಗಲ್ಲ. ಬೇಕಿದ್ರೆ ನೀವೇ ಅವರನ್ನ ಕೇಳಿ" ಎಂದರು ನ್ಯಾಯಾಧೀಶರು. ತಮ್ಮ ತಿರುಗಿ ನೋಡಲಿಲ್ಲ. ಕಿವಿಗಳು ಮಾತ್ರ ಕೆಂಪಾದವು. ಅಣ್ಣ ಕೇಳದೆಯೇ ಕೂತುಬಿಟ್ಟ.

"ಷರತ್ತಿಲ್ಲದೆ ಬಿಡ್ತೀರಾ?" ಎಂದರು ನ್ಯಾಯಾಧೀಶರು.

"ಬಿಡ್ತೀನಿ."

ರಾಜಿಪತ್ರದ ಸಹಿಗೆ ಎರಡು ತಿಂಗಳ ನಂತರದ ತಾರೀಖು ಬಿತ್ತು. ಅಷ್ಟೂ ದಿನ ಸಲೂನಿನ ಬಾಗಿಲು ಕಿರುಗುಟ್ಟಿದಾಗಲೆಲ್ಲ ಅಣ್ಣನ ಕತ್ತರಿ ಗಾಳಿಯಲ್ಲೇ ನಿಂತಿತು. ತಮ್ಮ ಬರಲಿಲ್ಲ.

ಸಹಿಯ ದಿನ ಅಣ್ಣನ ಕಣ್ಣು ಮೊದಲು ಮುಂದಿನ ಬೆಂಚಿಗೇ ಹೋಯಿತು. ತಮ್ಮನ ಕೂದಲು ಕಿವಿಯ ಮೇಲೆ ಬಾಗಿ ಕಾಲರಿಗೆ ತಾಗುತ್ತಿತ್ತು. ಎರಡೂ ಸುಳಿ ತಣ್ಣಗೆ ಮಲಗಿದ್ದವು. ಎರಡು ತಿಂಗಳಿಂದ ಆ ತಲೆಯನ್ನು ಯಾರೂ ಮುಟ್ಟಿರಲಿಲ್ಲ.

ಸಹಿ ಮುಗಿಸಿ ಹೊರಗೆ ಬಂದಾಗ, "ಬಹಳ ಬೆಳೆದಿದೆ" ಅಂದ ಅಣ್ಣ.

"ಹೂಂ. ಸೆಖೆ" ಎಂದ ತಮ್ಮ, ಕತ್ತು ಕೆರೆದುಕೊಂಡು ಹೊರಟುಬಿಟ್ಟ.

ಸಂಜೆ ಸಲೂನು ತುಂಬಿತ್ತು. ಗಿರಾಕಿಯೊಬ್ಬ ಕಿಟಕಿ ಪಕ್ಕದ ಖಾಲಿ ಕುರ್ಚಿಯ ಮೇಲೆ ಕೂರಲು ಹೋದ. ಅಣ್ಣ ಅದರ ಮೇಲೆ ಒಗೆದ ಬಿಳಿ ಟವೆಲು ಹಾಸಿದ.

"ಅಲ್ಲಿ ಬೇಡ ಸಾರ್. ಅಲ್ಲಿ ಜನ ಬರ್ತಾರೆ."