ಹೊನ್ನಪ್ಪ ತಿದ್ದಿದ ಕಣ್ಣು

ಪಾಂಡವಪುರದ ಬಸ್ ಸ್ಟ್ಯಾಂಡ್ ಎದುರು ಸ್ಟುಡಿಯೋ ಇಟ್ಟಿದ್ದ ಹೊನ್ನಪ್ಪನ ಕೈಗೆ ಸಿಕ್ಕಿದ ಮುಖ ಚೆಂದವಾಗದೆ ಹೊರಗೆ ಬರುತ್ತಿರಲಿಲ್ಲ. ಸಿಡುಬಿನ ಕಲೆಯನ್ನು ನೆಗೆಟಿವ್ ಮೇಲೆ ಪೆನ್ಸಿಲಿನಿಂದ ತೀಡಿ ಮಾಯ ಮಾಡುತ್ತಿದ್ದ. ಬೋಳುತಲೆಗೆ ಕುಂಚದಿಂದ ಕೂದಲು ಬರಿಸುತ್ತಿದ್ದ. ಗಂಡಿನ ಕಡೆಯವರಿಗೆ ಕಳಿಸುವ ಫೋಟೊ ಅಂದರೆ ನಾಗಮಂಗಲದಿಂದಲೂ ಅವನನ್ನೇ ಹುಡುಕಿಕೊಂಡು ಬರುತ್ತಿದ್ದರು. ಅದನ್ನವನು ಸುಳ್ಳು ಅಂದುಕೊಂಡಿರಲಿಲ್ಲ, ಜನಕ್ಕೆ ಮಾಡುವ ಉಪಕಾರ ಅಂದುಕೊಂಡಿದ್ದ.

ತೊಂಬತ್ತಮೂರರಲ್ಲಿ ಬೂಕನಕೆರೆಯಿಂದ ಕುಳ್ಳಮ್ಮ ಬಂದಳು. ಗಂಡ ಚಿಕ್ಕಮಾದಯ್ಯ ತೀರಿಕೊಂಡು ಎರಡು ತಿಂಗಳಾಗಿತ್ತು. ಅವನದೆಂದು ಉಳಿದಿದ್ದು ಸಕ್ಕರೆ ಕಾರ್ಖಾನೆ ಕೆಲಸಗಾರರ ಗುಂಪು ಫೋಟೊ ಒಂದೇ. ಅದರಲ್ಲಿ ಅವನ ಮುಖ ಹುಣಸೆಬೀಜದಷ್ಟು.

"ಗೋಡೆಗಾಕೋ ಅಂಗೆ ದೊಡ್ಡದು ಮಾಡ್ಕೊಡಪ್ಪ" ಅಂದಳು.

ದೊಡ್ಡದು ಮಾಡಿದ ಮೇಲೆ ಗೊತ್ತಾಯಿತು, ಚಿಕ್ಕಮಾದಯ್ಯನದು ಮೆಳ್ಳೆಗಣ್ಣು. ಸತ್ತ ಮೇಲಾದರೂ ನೆಟ್ಟಗೆ ನೋಡಲಿ ಪಾಪ ಅಂತ ಹೊನ್ನಪ್ಪ ಸಣ್ಣ ಕುಂಚ ಹಿಡಿದು ಎಡಗಣ್ಣಿನ ಗುಡ್ಡೆಯನ್ನು ನಡುವಿಗೆ ತಂದ. ಇಷ್ಟು ಒಳ್ಳೆಯ ಕೆಲಸ ತಾನು ಮಾಡಿಯೇ ಇಲ್ಲ ಅನ್ನಿಸಿತು.

ವಾರ ಬಿಟ್ಟು ಬಂದ ಕುಳ್ಳಮ್ಮ ಫೋಟೊವನ್ನು ಬಾಗಿಲ ಬೆಳಕಿಗೆ ಹಿಡಿದು, ಹತ್ತಿರಕ್ಕೊಮ್ಮೆ ದೂರಕ್ಕೊಮ್ಮೆ ಮಾಡಿ ನೋಡಿದಳು.

"ಯಾಕವ್ವ, ಚೆನ್ನಾಗಿಲ್ವಾ?"

"ಚೆಂದಾಗೇ ಅದೆ ಕಣಪ್ಪ. ಆದ್ರೆ ಇವ್ರು ನಮ್ಮೆಜಮಾನ್ರಲ್ಲ."

"ಅವ್ರೇ ಕಣವ್ವ. ಕಣ್ಣೊಂದು ವಸಿ ಸರಿ ಮಾಡಿವ್ನಿ, ಅಷ್ಟೆ."

ಕುಳ್ಳಮ್ಮ ಬೆಂಚಿನ ಮೇಲೆ ಕೂತಳು. "ಧಾರೆ ದಿನ ನನ್ನ ನೋಡ್ತಾವ್ರಾ, ಪಕ್ಕದಲ್ಲಿದ್ದ ನಮ್ಮಕ್ಕನ್ನ ನೋಡ್ತಾವ್ರಾ ಅಂತ್ಲೇ ಗೊತ್ತಾಗ್ನಿಲ್ಲ ನಂಗೆ. ಆಮೇಲೆ ಗೊತ್ತಾಯ್ತು, ಬ್ಯಾರೆ ಕಡೆ ನೋಡ್ದಂಗೆ ಕಂಡ್ರೆ ನನ್ನೇ ನೋಡ್ತಾವ್ರೆ ಅಂತ. ಈ ಫೋಟೊದೋರು ನನ್ನೇ ನೋಡ್ದಂಗೆ ಕಾಣ್ತಾವ್ರೆ, ಅಂದ್ರೆ ರೋಡ್ ನೋಡ್ತಾ ಕೂತವ್ರೆ."

ಹೇಳುತ್ತ ಹೇಳುತ್ತ ನಕ್ಕಳು, ಸೆರಗಿನಿಂದ ಕಣ್ಣೊರೆಸಿಕೊಂಡಳು.

ಹೊನ್ನಪ್ಪ ಆ ಫೋಟೊವನ್ನು ಅವಳ ಕೈಯಿಂದ ವಾಪಸ್ ತೆಗೆದುಕೊಂಡ. ಅವಳನ್ನು ಅಲ್ಲೇ ಕೂರಿಸಿ, ಕಾಫಿ ತರಿಸಿಕೊಟ್ಟು, ಡಾರ್ಕ್ ರೂಮಿಗೆ ಹೋಗಿ ಇನ್ನೊಂದು ಪ್ರಿಂಟು ತೆಗೆದ. ಕುಂಚ ಮುಟ್ಟಲಿಲ್ಲ. ಇನ್ನೂ ಒದ್ದೆಯಿದ್ದ ಫೋಟೊ ನೋಡಿ ಕುಳ್ಳಮ್ಮ ಥಟ್ಟನೆ ಸೆರಗು ಸರಿಮಾಡಿಕೊಂಡಳು.

ಅಲ್ಲಿಂದಾಚೆಗೆ ಹೊನ್ನಪ್ಪ ಕೇಳದೆ ಪೆನ್ಸಿಲ್ ಹಿಡಿಯಲಿಲ್ಲ. ಅಳಿಸಿ ಅಂದವರಿಗೆ ಅಳಿಸಿಯೇ ಕೊಟ್ಟ, ಅಂಥವರೇ ಹೆಚ್ಚು. ಒಮ್ಮೆ ರಂಜಿತ ಅನ್ನುವ ಹುಡುಗಿಯನ್ನು ಅವಳಪ್ಪ ಗಂಡಿನ ಕಡೆಗೆ ಕಳಿಸುವ ಫೋಟೊಗೆಂದು ಕರೆತಂದು, ಹಣೆಯ ಮೇಲಿನ ಗಾಯದ ಗುರುತು ತೆಗೆದುಬಿಡಿ ಅಂದ. ಹೊನ್ನಪ್ಪ ಹುಡುಗಿಯ ಕಡೆ ತಿರುಗಿ, "ನೀನೇನಂತೀಯವ್ವ?" ಅಂದ.

ಅವಳು ಅಪ್ಪನ ಮುಖ ನೋಡಿದಳು, ಗೋಡೆಯ ಕನ್ನಡಿ ನೋಡಿದಳು.

"ಇರ್ಲಿ ಬುಡಿ ಸಾರ್. ಬಂದೋರು ಎಂಗಿದ್ರೂ ನೋಡೇ ನೋಡ್ತಾರಲ್ಲ."