ಜೋರಾಗಿ ಓದ್ರಿ ಸಾಹೇಬ್ರ

ಮತ ಹಾಕಿ ಬಂದ ಮೇಲೆ ರೊಟ್ಟಿ ಅಕ್ಕ ನಾಲ್ಕಾರು ದಿನ ಎಡಗೈಯ ತೋರುಬೆರಳನ್ನು ಮೇಲೆತ್ತಿಕೊಂಡೇ ಜೋಳದ ರೊಟ್ಟಿ ತಟ್ಟುತ್ತಿದ್ದಳು. ಹಿಟ್ಟಿಗೆ ತಾಗಿ ಶಾಯಿ ಮಾಸಬಾರದಂತೆ! "ಆ ಬೆರಳಿಗೇನು ಸೂಟಿ ಕೊಟ್ಟೀಯೇನಕ್ಕಾ?" ಎಂದು ನಾನು ಛೇಡಿಸಿದರೆ, "ಇರಲಿ ಬಿಡವಾ, ಅಪರೂಪಕ್ಕ ಬಂದ ಬೀಗತಿ ಅದು, ಕೆಲಸ ಹಚ್ಚಬಾರದು" ಎಂದು ನಗುತ್ತಿದ್ದಳು.

ಕಲಬುರಗಿಯ ಕೋಟೆಯ ಹಿಂದಿನ ನಮ್ಮ ಓಣಿಯಲ್ಲಿ ಅವಳದು ಪಕ್ಕದ ಮನೆ. ಗಂಡ ಹೊಲಿಗೆ ಮಶಿನ್ ರಿಪೇರಿ ಮಾಡುತ್ತಿದ್ದ, ಇಡೀ ಓಣಿಗೆ ಬೇಕಾದ ಮನುಷ್ಯ. ಮಕ್ಕಳಾಗುವ ಮೊದಲೇ ತೀರಿಕೊಂಡ. ಅವಳು ರೊಟ್ಟಿ ಮಾರಿ ಒಬ್ಬಳೇ ಬದುಕಿದಳು. ಮೊಣಕಾಲು ಕೈಕೊಟ್ಟ ಮೇಲೆ ತಮ್ಮ ಬಂದು ಕಮಲಾಪುರಕ್ಕೆ ಕರೆದುಕೊಂಡು ಹೋದ. ಓಟು ಮಾತ್ರ ಇಲ್ಲೇ ಉಳಿಯಿತು.

ಲೋಕಸಭೆ ಚುನಾವಣೆ ಬಂತೆಂದರೆ ಆ ಉರಿಬಿಸಿಲಿನಲ್ಲಿ ಬಸ್ಸು ಹಿಡಿದು ಬರುತ್ತಿದ್ದಳು, ಚೀಲದಲ್ಲಿ ನನಗೆಂದು ಕಮಲಾಪುರದ ಕೆಂಪು ಬಾಳೆಹಣ್ಣು. "ಓಟು ಅಲ್ಲಿಗೇ ಬದಲಿಸಿಕೊಳ್ಳಬಾರದೇನು?" ಎಂದು ಒಮ್ಮೆ ಬೈದೆ. ಅವಳು ಚೀಲದಿಂದ ಒಂದು ಬಾಳೆಹಣ್ಣು ತೆಗೆದು ನನ್ನ ಕೈಗಿಟ್ಟಳು.

ಕಾರಣ ನನಗೆ ಗೊತ್ತಾದದ್ದು ಮತಗಟ್ಟೆಯಲ್ಲಿ. ಆ ಸಲದಿಂದ ನಾನು ಅಲ್ಲಿ ಒಂದು ಪಕ್ಷದ ಏಜೆಂಟಾಗಿ ಬೆಂಚಿನ ಮೇಲೆ ಕೂರತೊಡಗಿದ್ದೆ. ಅಧಿಕಾರಿ ಅವಳ ಹೆಸರು ಕೂಗಿ, "ಗಂಡನ ಹೆಸರೇನ್ರಿ?" ಎಂದ. ನಮ್ಮ ಕಡೆ ಹೆಂಗಸರು ಗಂಡನ ಹೆಸರು ಹೇಳುವುದಿಲ್ಲ. ಅವಳಂತೂ ಅವನು ಸತ್ತ ಮೇಲೂ ನಾಲಿಗೆಗೆ ತಂದವಳಲ್ಲ.

"ನಿಮ್ಮ ಹತ್ರ ಬರದದಲ್ರೀ, ನೀವ ಓದ್ರಿ. ಜೋರಾಗಿ ಓದ್ರಿ ಸಾಹೇಬ್ರ."

ಆತ ಓದಿದ. ಏಜೆಂಟರೆಲ್ಲ ತಲೆ ಎತ್ತಿದರು. "ಅಬಾಬಾ, ನಮ್ಮ ಮಶಿನ್ ಮಾಮಾನ ಮನಿಯಾಕಿ!" ಎಂದ ಎದುರು ಪಕ್ಷದವನು. ಅವಳು ಸೆರಗು ಬಾಯಿಗಿಟ್ಟು ಹೊಸ ಮದುಮಗಳ ಹಾಗೆ ನಾಚಿದಳು.

ಹೊರಗೆ ಬಂದ ಮೇಲೆ ಹೇಳಿದಳು: "ಕಮಲಾಪುರದಾಗ ಓದಿದ್ರ ಅದು ಬರೇ ಹೆಸರವ್ವಾ. ಇಲ್ಲಿ ಓದಿದ್ರ ಮಂದಿ ತಲಿ ಎತ್ತಿ ನೋಡ್ತಾರ."

ಓಟು ಯಾರಿಗೆ ಹಾಕಿದಳೆಂದು ಮಾತ್ರ ಕೊನೆಯವರೆಗೂ ಹೇಳಲಿಲ್ಲ, ಘಾಟಿ ಹೆಂಗಸು!

ವರ್ಷಗಳು ಕಳೆದಂತೆ ಆ ಏಜೆಂಟರಲ್ಲಿ ಕೆಲವರು ಸತ್ತರು, ಕೆಲವರು ಹೊಸ ಬಡಾವಣೆಗಳಿಗೆ ಹೋದರು. ಕಳೆದ ಸಲ ಬೆಂಚಿನ ಮೇಲಿದ್ದವರೆಲ್ಲ ಗುರುತಿಲ್ಲದವರು. ಅವಳು ಹಟ ಹಿಡಿದು ಎರಡು ಸಲ ಓದಿಸಿದಳು. ನಾನೊಬ್ಬಳೇ ತಲೆ ಎತ್ತಿದೆ. ಅವಳು ಬೆಂಚನ್ನು ಈ ತುದಿಯಿಂದ ಆ ತುದಿಗೆ ನೋಡಿದಳು. ಶಾಯಿ ಹಚ್ಚಿಸಿಕೊಂಡು ಹೊರಗೆ ಬಂದು, "ನೀ ಒಬ್ಬಾಕೀನ ಉಳದಿ ನೋಡವ್ವಾ" ಎಂದಳು. ನಾನು ಅವಳ ಚೀಲ ಹಿಡಿದುಕೊಂಡು ಹೋಗಿ ಬಸ್ಸಿಗೆ ಹತ್ತಿಸಿದೆ.

ಈ ಬೇಸಿಗೆಯಲ್ಲಿ ಅವಳು ಹೋದ ಸುದ್ದಿ ಬಂತು. ಕಮಲಾಪುರಕ್ಕೆ ಹೋದಾಗ ಮಣ್ಣು ಮುಗಿದಿತ್ತು. ಅವಳ ತಮ್ಮನೂ ತೀರಿಕೊಂಡು ಬಹಳ ದಿನವಾಗಿತ್ತು. ಅಂಗಳದ ತುಂಬ ಮಂದಿ, ಗುರುತಿನ ಮುಖ ಒಂದೂ ಇಲ್ಲ. ಸಾವು ಬರೆದುಕೊಳ್ಳಲು ಬಂದವನು ಗಂಡನ ಹೆಸರು ಕೇಳಿದ. ತಮ್ಮನ ಮಗ ಹೆಂಡತಿಯ ಮುಖ ನೋಡಿದ. "ಯಾರಿಗೆ ಗೊತ್ತದರೀ? ಅತ್ತಿ ಎಂದೂ ಹೇಳಿಲ್ಲ" ಎಂದ.

ನಾನು ಹಿಂದಿನಿಂದ ಎದ್ದು ನಿಂತು ಹೇಳಿದೆ. ಅವಳಿಗೆ ಬೇಕಾಗಿದ್ದಷ್ಟು ಜೋರಾಗಿಯೇ ಹೇಳಿದೆ. ಅವನು ಬರೆದುಕೊಂಡ. ಯಾರೂ ತಲೆ ಎತ್ತಲಿಲ್ಲ.