ಮಾತೂರು ಮಾಥುರ್ ಆದ ಕತೆ

ದೆಹಲಿಗೆ ಬಂದ ಹೊಸದರಲ್ಲಿ ಮನೆ ತೋರಿಸುವ ಬ್ರೋಕರ್ ಒಬ್ಬ ನನ್ನ ಹೆಸರು ಕೇಳಿದ. ರತ್ನ ಅಂದೆ. ಇನ್ನೂ ಏನೋ ಬಾಕಿ ಇದೆ ಎನ್ನುವಂತೆ ಸ್ವಲ್ಪ ಹೊತ್ತು ಕಾದು, ‘ಆಗೇ ಕ್ಯಾ ಲಗಾತೀ ಹೋ?’ ಅಂದ. ನನ್ನ ಹಿಂದಿ ಆಗ ದೂರದರ್ಶನ ನೋಡಿ ಕಲಿತದ್ದು. ‘ಮುಂದೆ ಏನು ಹಚ್ಚಿಕೊಳ್ತೀಯ?’ ಎಂದು ಅರ್ಥವಾಯಿತು. ನಾನು ಮುಖಕ್ಕೆ ಏನು ಹಚ್ಚಿಕೊಂಡರೆ ಇವನಿಗೇನಂತೆ ಎಂದು ಮೈಯೆಲ್ಲ ಉರಿಯಿತು. ಆದರೆ ಮನೆ ಬೇಕಿತ್ತಲ್ಲ, ಹಲ್ಲು ಕಚ್ಚಿಕೊಂಡು ‘ಪೌಡರ್’ ಅಂದೆ. ಬಾಯಲ್ಲಿದ್ದ ಗುಟ್ಕಾ ಅಂಗಿಯ ಮೇಲೆ ಬೀಳುವಷ್ಟು ನಕ್ಕ ಪುಣ್ಯಾತ್ಮ.

ನನ್ನ ಜೊತೆ ಬಂದಿದ್ದ ನಾಗರಾಜಣ್ಣ ನನ್ನನ್ನು ಪಕ್ಕಕ್ಕೆ ಎಳೆದ. ಅವನು ಮಂಡ್ಯದ ಕಡೆಯವನು, ನನಗಿಂತ ಮೊದಲೇ ಬಂದು ಅದೇ ವಿಶ್ವವಿದ್ಯಾಲಯದಲ್ಲಿ ಇತಿಹಾಸ ಓದುತ್ತಿದ್ದ. ‘ಹೆಸರಿನ ಮುಂದೆ ಏನು ಸೇರಿಸ್ಕೋತೀಯ ಅಂತ ಕೇಳ್ತಾವ್ನೆ ಕಣವ್ವ. ಇಲ್ಲಿ ಜಾತಿ ಕೇಳೋದು ಹಿಂಗೇ’ ಅಂದ. ಊರಲ್ಲಿ ಬರೀ ನಾಗರಾಜನಾಗಿದ್ದವನು ಇಲ್ಲಿಗೆ ಬಂದಮೇಲೆ ನಾಗರಾಜ್ ಗೌಡ ಆಗಿದ್ದ. ಅವನಿಗೆ ಹಚ್ಚಿಕೊಳ್ಳಲು ಇತ್ತು, ಹಚ್ಚಿಕೊಂಡ.

ನಮ್ಮ ಕಡೆ ಜಾತಿ ಕೇಳುವುದಿಲ್ಲವೇ? ಕೇಳದೆ ಬಿಡುತ್ತಾರೆಯೇ! ಆದರೆ ಸುತ್ತಿ ಬಳಸಿ ಬರುತ್ತಾರೆ. ‘ನಿಮ್ಮ ಮನೆದೇವರು ಯಾವುದಮ್ಮ?’ ಎಂದು ಶುರು ಮಾಡಿ, ಊಟ ತಿಂಡಿ ವಿಚಾರಿಸಿ, ನೆಂಟರ ಊರು ತಿಳಿದು, ಕೊನೆಗೆ ಜಾಗಕ್ಕೆ ಬರುತ್ತಾರೆ. ದೆಹಲಿಯವರಿಗೆ ಅಷ್ಟು ಪುರುಸೊತ್ತಿಲ್ಲ. ಒಂದೇ ಪ್ರಶ್ನೆ, ಒಂದೇ ಉತ್ತರ, ಬಾಗಿಲು ತೆರೆಯಿತು ಇಲ್ಲವೇ ಮುಚ್ಚಿತು. ನನ್ನ ಹೆಸರಿನ ಮುಂದೆ ಏನೂ ಇಲ್ಲ ಎಂದು ತಿಳಿದ ಮರುಗಳಿಗೆ ‘ಕೋಣೆ ಈಗಷ್ಟೇ ಹೋಯಿತು’ ಎನ್ನುತ್ತಿದ್ದರು. ಗೇಟಿನ ಮೇಲೆ ‘ಬಾಡಿಗೆಗಿದೆ’ ಎಂಬ ಹಲಗೆ ನೇತಾಡುತ್ತಲೇ ಇರುತ್ತಿತ್ತು. ಅದನ್ನು ತೆಗೆಯುವ ನಾಚಿಕೆಯೂ ಇವರಿಗಿಲ್ಲ.

ನಮ್ಮ ಹೆಸರುಗಳ ರೀತಿಯೇ ಬೇರೆ. ನಾನು ಎಂ. ಎಚ್. ರತ್ನ. ಎಂ ಅಂದರೆ ಮಾತೂರು, ಎಚ್ ಅಂದರೆ ಹನುಮಂತಪ್ಪ, ನಮ್ಮಪ್ಪ. ಊರು ಮೊದಲು, ಅಪ್ಪ ಆಮೇಲೆ, ನಾವು ಕೊನೆಗೆ. ಊರು ಅಂದೆನಲ್ಲ, ಅದೂ ಪೂರ್ತಿ ನಿಜವಲ್ಲ. ಬಸ್ಸು ಮಾತೂರು ಮುಟ್ಟುವ ಮೊದಲು ಕಾಲೋನಿ ಎಂಬ ಸ್ಟಾಪ್ ಇದೆ. ನಾವು ಅಲ್ಲಿಯವರು. ಊರ ಹೆಸರಿನಲ್ಲೇ ಮಾತಿದೆ, ನಮ್ಮೊಡನೆ ಮಾತ್ರ ಮಾತಿರಲಿಲ್ಲ. ನಮ್ಮಜ್ಜಿ ಊರ ಬಾವಿಯಿಂದ ದೂರದಲ್ಲಿ ಕೊಡ ಇಟ್ಟುಕೊಂಡು, ಯಾರಾದರೂ ಸೇದಿ ಹೊಯ್ಯಲಿ ಎಂದು ಕಾದು ಕೂರುತ್ತಿದ್ದಳು. ಅಪ್ಪ ಹತ್ತಿರದ ಪಟ್ಟಣದ ಪುರಸಭೆಯಲ್ಲಿ ಬೀದಿ ಗುಡಿಸಿ ನನ್ನನ್ನು ಓದಿಸಿದ. ಈಗಲೂ ಗುಡಿಸುತ್ತಾನೆ.

ನಾನು ಯಾವ ವಿದ್ಯೆ ಕಲಿಯಲು ಇಷ್ಟು ದೂರ ಬಂದೆ ಎಂದು ಕೇಳಿದರೆ ನಗಬೇಡಿ. ಸಮಾಜಶಾಸ್ತ್ರದಲ್ಲಿ ಸಾಂಕೇತಿಕ ಅಂತರಕ್ರಿಯಾವಾದ ಎಂಬ ಹಲ್ಲು ಮುರಿಯುವ ಹೆಸರಿನ ಪಂಥವೊಂದಿದೆ. ತಿರುಳು ಸರಳ. ಯಾವ ವಸ್ತುವಿಗೂ ತನ್ನಷ್ಟಕ್ಕೆ ತಾನೇ ಅರ್ಥವಿರುವುದಿಲ್ಲ. ಜನ ಒಬ್ಬರೊಡನೊಬ್ಬರು ಒಡನಾಡುವಾಗ ಅರ್ಥ ಹುಟ್ಟುತ್ತದೆ, ಆ ಅರ್ಥ ನೋಡಿಕೊಂಡು ಜನ ನಡೆಯುತ್ತಾರೆ. ಲೋಟ ಬರೀ ಲೋಟ. ಹೋಟೆಲಿನ ಹೊರಗೋಡೆಯ ಗೂಡಿನಲ್ಲಿ ನಮ್ಮವರಿಗೆಂದು ಇಟ್ಟರೆ ಅದು ಬೇರೆಯೇ ಲೋಟ. ಇದನ್ನು ಅಧ್ಯಯನ ಮಾಡುವವರು ತಲೆ ಎಣಿಸಿ ಲೆಕ್ಕ ಕೊಡುವುದಿಲ್ಲ. ಜನರ ನಡುವೆ ಕೂತು, ಅವರು ಮಾಡಿದ್ದಕ್ಕೆ ಅವರೇ ಕೊಡುವ ಅರ್ಥ ಏನು ಎಂದು ಕೇಳಬೇಕು. ನಮ್ಮ ಅರ್ಥವನ್ನು ಅವರ ಬಾಯಿಗೆ ತುರುಕಬಾರದು. ನಾನು ಆರಿಸಿಕೊಂಡ ವಿಷಯ: ದೆಹಲಿಯ ಮನೆ ಮಾಲೀಕರು ‘ಅಚ್ಛೇ ಘರ್ ಕೇ ಲೋಗ್’ ಬೇಕು, ಅಂದರೆ ಒಳ್ಳೆ ಮನೆತನದವರು ಬೇಕು ಎನ್ನುವಾಗ, ಆ ‘ಒಳ್ಳೆ’ ಎನ್ನುವುದರ ಒಳಗೆ ಏನೇನು ಇರುತ್ತದೆ? ಮನೆಯೇ ಸಿಗದವಳಿಗೆ ಇದಕ್ಕಿಂತ ಒಳ್ಳೆ ವಿಷಯ ಎಲ್ಲಿ ಸಿಗಬೇಕು.

ಅಷ್ಟರಲ್ಲಿ ವಿಶ್ವವಿದ್ಯಾಲಯದ ಗುರುತಿನ ಚೀಟಿ ಬಂತು. ಅಲ್ಲಿಯ ಗುಮಾಸ್ತ ಹೆಸರು ಇನಿಷಿಯಲ್‌ನಿಂದ ಶುರುವಾಗುವಂತಿಲ್ಲ, ಎಂ ಅನ್ನು ಬಿಡಿಸಿ ಕೊನೆಗೆ ಬರೆ ಅಂದಿದ್ದ. ಶಾಲೆಯ ಸರ್ಟಿಫಿಕೇಟಿನಲ್ಲಿ ನಮ್ಮ ಹೆಡ್‌ಮಾಸ್ಟರು ಮಾತೂರನ್ನು ಇಂಗ್ಲಿಷಿಗೆ ಇಳಿಸುವಾಗ ಕೊನೆಯ ಉಕಾರವನ್ನು ನುಂಗಿದ್ದರು. ಹೀಗಾಗಿ ನಾನು ಚೀಟಿಯಲ್ಲಿ ‘ರತ್ನಾ ಎಚ್. ಮಾಥುರ್’ ಆದೆ. ಮುಂದಿನ ಸಲ ಆ ಬ್ರೋಕರ್ ಅದನ್ನು ನೋಡಿದ್ದೇ ತಡ, ‘ಅಚ್ಛಾ, ಮಾಥುರ್! ಪಹಲೇ ಬತಾನಾ ಥಾ ನ, ಜೀ’ ಅಂದ. ಮೊದಲೇ ಹೇಳಬಾರದಿತ್ತೇ ಎಂದು. ಮಾಥುರ್ ಎಂಬುದು ಇಲ್ಲಿ ತಲೆತಲಾಂತರದಿಂದ ಓದು ಬರಹದಲ್ಲಿರುವ ಒಂದು ಮೇಲುಜಾತಿಯ ಅಡ್ಡಹೆಸರಂತೆ. ಇಲ್ಲಪ್ಪ, ಅದು ನಮ್ಮೂರು ಎನ್ನಲು ನಾನು ಬಾಯಿ ತೆರೆದೆ. ನಾಗರಾಜಣ್ಣ ನನ್ನ ಕಾಲು ತುಳಿದ. ಆ ಸಂಜೆಯೇ ವಸಂತ್ ಕುಂಜ್‌ನಲ್ಲಿ ಸರ್ಕಾರ ಕಟ್ಟಿಸಿ ಮಾರಿದ ಒಂದು ಫ್ಲಾಟಿನಲ್ಲಿ ನನಗೆ ಕೋಣೆ ಸಿಕ್ಕಿತು.

ಮನೆಯೊಡತಿ ವಯಸ್ಸಾದ ಪಂಜಾಬಿ ಹೆಂಗಸು. ಗಂಡ ತೀರಿಕೊಂಡಿದ್ದ, ಮಗಳು ಪುಣೆಯಲ್ಲಿದ್ದಳು. ನಾನು ಆಂಟಿ ಎನ್ನುತ್ತಿದ್ದೆ, ಅವರು ನನ್ನನ್ನು ಬೇಟಾ ಎನ್ನುತ್ತಿದ್ದರು. ಅವರನ್ನು ಕೆಟ್ಟವರು ಎಂದರೆ ನನ್ನ ನಾಲಿಗೆಗೆ ಹುಳ ಬೀಳುತ್ತದೆ. ನನಗೆ ಟೈಫಾಯ್ಡ್ ಬಂದಾಗ ಪಕ್ಕದಲ್ಲಿ ಕೂತು ಖಿಚಡಿ ತಿನ್ನಿಸಿದವರು ಅವರು. ನಾನು ಕರೋಲ್ ಬಾಗಿಗೆ ಹೋಗಿ ರಾಗಿ ಹಿಟ್ಟು ತಂದು ಮುದ್ದೆ ಕಟ್ಟಿದಾಗ ಮೊದಲು ಮೂಗು ಮುಚ್ಚಿಕೊಂಡರು. ಆಮೇಲೆ ಒಂದು ತುತ್ತು ಬಾಯಿಗೆ ಹಾಕಿಕೊಂಡು ಅಗಿಯತೊಡಗಿದರು. ಅಗಿಯಬಾರದು ಆಂಟಿ, ನುಂಗಬೇಕು ಅಂದೆ. ಇಬ್ಬರೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕೆವು. ದೆಹಲಿಯಲ್ಲಿ ನಾನು ಮನಸ್ಸು ಬಿಚ್ಚಿ ನಕ್ಕದ್ದು ಅದೇ ಮೊದಲು.

ಅಡುಗೆಮನೆಯಲ್ಲಿ ಒಂದು ಮಟ್ಕಾ ಇತ್ತು, ಕುಡಿಯುವ ನೀರಿನ ಮಣ್ಣಿನ ಮಡಕೆ. ಕೆಲಸದ ಸುನೀತಾ ಬಕೆಟ್ಟು ತುಂಬಿಸಬಹುದು, ಪಾತ್ರೆ ತೊಳೆಯಬಹುದು, ನೆಲ ಒರೆಸಬಹುದು. ಮಟ್ಕಾ ಮಾತ್ರ ಮುಟ್ಟುವಂತಿಲ್ಲ. ಆಂಟಿಗೆ ಮಂಡಿನೋವು, ಬಗ್ಗಲಾಗದು. ಹಾಗಾಗಿ ದಿನಾ ಅದನ್ನು ತೊಳೆದು ತುಂಬುವ ಕೆಲಸ ನನ್ನದಾಯಿತು. ‘ಘರ್ ಕೀ ಬಚ್ಚೀ ಹೈ’ ಎನ್ನುತ್ತಿದ್ದರು ಆಂಟಿ, ಮನೆ ಮಗುವಲ್ಲವೇ ಎಂದು. ಊರ ಬಾವಿ ಮುಟ್ಟದ ಅಜ್ಜಿಯ ಮೊಮ್ಮಗಳು, ಆ ಊರ ಹೆಸರಿನ ದೆಸೆಯಿಂದ ದೆಹಲಿಯಲ್ಲಿ ಮಡಕೆ ತುಂಬುತ್ತಿದ್ದೆ. ಸುನೀತಾ ಕುಡಿಯಲು ನೀರು ಕೇಳಿದರೆ ನಾನೇ ಮೇಲಿಂದ ಹೊಯ್ಯಬೇಕಿತ್ತು. ಅವಳು ಬೊಗಸೆ ಒಡ್ಡುತ್ತಿದ್ದಳು. ಒಂದು ದಿನ ಆಂಟಿ ಇಲ್ಲದಾಗ ನನ್ನ ಲೋಟವನ್ನೇ ಕೊಟ್ಟೆ. ಅವಳು ಬೇಡವೆಂದು ತಲೆಯಾಡಿಸಿ ಬೊಗಸೆಯನ್ನೇ ಮುಂದೆ ಮಾಡಿದಳು. ಹೊಯ್ದೆ. ನನ್ನ ಕೈ ನೋಡಿದರೆ ನನಗೇ ಹೇಸಿಗೆಯಾಗುತ್ತಿತ್ತು.

ಇದನ್ನೆಲ್ಲ ನನ್ನ ಗೈಡ್ ಮೇಡಂಗೆ ಹೇಳಿದೆ. ನಿಜ ಹೇಳಿ ಕೋಣೆ ಬಿಡುತ್ತೇನೆ ಅಂದೆ. ಅವರ ಕಣ್ಣುಗಳು ಹೊಳೆದವು. ಎಷ್ಟೋ ಸಂಶೋಧಕರು ಜೀವಮಾನವೆಲ್ಲ ಹುಡುಕಿದರೂ ಇಂಥ ಕ್ಷೇತ್ರ ಸಿಗುವುದಿಲ್ಲ, ಒಳಗಿದ್ದೇ ಒಳಗಿನದನ್ನು ನೋಡುತ್ತಿದ್ದೀಯ, ಈಗ ಬಾಯಿ ಬಿಟ್ಟು ಹಾಳು ಮಾಡಿಕೊಳ್ಳಬೇಡ ಅಂದರು. ಮಟ್ಕಾದ ಬಗ್ಗೆ ಇನ್ನಷ್ಟು ದಟ್ಟವಾಗಿ ಬರೆ ಅಂತಲೂ ಸೇರಿಸಿದರು. ನಮ್ಮಜ್ಜಿ ಬಿಸಿಲಲ್ಲಿ ಕೊಡ ಇಟ್ಟುಕೊಂಡು ಕೂತದ್ದು ಇವರ ಲೆಕ್ಕದಲ್ಲಿ ಒಂದು ಅಧ್ಯಾಯ. ಕುಡಿಯುತ್ತಿದ್ದ ಚಹಾ ಅಲ್ಲೇ ಬಿಟ್ಟು ಎದ್ದು ಬಂದೆ. ಆದರೂ ಕೋಣೆ ಬಿಡಲಿಲ್ಲ. ಬಿಟ್ಟು ಎಲ್ಲಿಗೆ ಹೋಗಲಿ? ಮತ್ತೆ ಆ ಬ್ರೋಕರುಗಳ ಮುಖ ನೋಡಬೇಕಲ್ಲ.

ಎರಡು ಸಾವಿರದ ಆರರ ಬೇಸಿಗೆ. ಕಾಲೇಜು ಸೀಟುಗಳಲ್ಲಿ ಮೀಸಲಾತಿ ಹೆಚ್ಚಿಸುತ್ತಾರೆ ಎಂದು ದೆಹಲಿ ಹೊತ್ತಿ ಉರಿಯುತ್ತಿತ್ತು. ಡಾಕ್ಟರಿಕೆ ಓದುವ ಹುಡುಗರು ಬಿಳಿ ಕೋಟು ಹಾಕಿಕೊಂಡು ಬೀದಿಗಿಳಿದು ಪೊರಕೆ ಹಿಡಿದರು. ಕ್ಯಾಮೆರಾಗಳ ಮುಂದೆ ರಸ್ತೆ ಗುಡಿಸಿದರು, ಬೂಟು ಪಾಲಿಶ್ ಮಾಡಿದರು. ನಮ್ಮನ್ನು ಯಾವ ಗತಿಗೆ ತಂದಿರಿ ನೋಡಿ ಎಂಬುದು ಆ ಪೊರಕೆಯ ಅರ್ಥ. ಅದನ್ನು ಬಿಡಿಸಿ ಹೇಳಲು ಯಾವ ಪಂಥವೂ ಬೇಕಾಗಿರಲಿಲ್ಲ. ಟಿವಿಯ ಮುಂದೆ ಕೂತಿದ್ದ ಆಂಟಿ ದುಪಟ್ಟಾದಿಂದ ಕಣ್ಣೊರೆಸಿಕೊಂಡರು. ‘ಹಾಯ್, ಇನ್ ಬಚ್ಚೋಂ ಕೇ ಹಾಥ್ ಮೇಂ ಝಾಡೂ!’ ಅಂದರು. ಝಾಡೂ ಅಂದರೆ ಪೊರಕೆ. ಇಂಥ ಮಕ್ಕಳ ಕೈಗೆ ಪೊರಕೆ ಬಂತಲ್ಲ, ಹೆತ್ತವರ ಹೊಟ್ಟೆ ಎಷ್ಟು ಉರಿಯಬೇಡ ಎಂದು ಹಲುಬಿದರು.

ಅಪ್ಪ ಬೆಳಗ್ಗೆ ಪೊರಕೆ ಹೆಗಲಿಗಿಟ್ಟು ಹೊರಡುವಾಗ ಯಾವ ಕ್ಯಾಮೆರಾವೂ ಬಂದಿರಲಿಲ್ಲ, ಯಾರೂ ಕಣ್ಣೊರೆಸಿಕೊಂಡಿರಲಿಲ್ಲ.

‘ಆಂಟಿ, ಮೇರೇ ಪಾಪಾ ಭೀ ಝಾಡೂ ಲಗಾತೇ ಹೈಂ’ ಅಂದೆ. ನಮ್ಮಪ್ಪನೂ ಕಸ ಗುಡಿಸುತ್ತಾನೆ ಎಂದು.

ಆಂಟಿ ಮೆಚ್ಚಿಕೊಂಡರು. ಹೆಂಡತಿಗೆ ನೆರವಾಗುವ ಗಂಡಸರು ಎಲ್ಲಿದ್ದಾರೆ ಈ ಕಾಲದಲ್ಲಿ, ನಿನ್ನಮ್ಮ ಪುಣ್ಯವಂತೆ ಅಂದರು.

ಮನೆಯಲ್ಲಲ್ಲ ಆಂಟಿ, ರಸ್ತೆಯಲ್ಲಿ ಅಂದೆ. ಅದೇ ಅವರ ನೌಕರಿ ಅಂದೆ. ಮಾಥುರ್ ಎಂಬುದು ನಮ್ಮೂರ ಹೆಸರು, ನಾವು ಆ ಊರೊಳಗಿನವರೂ ಅಲ್ಲ, ಊರಾಚೆಯವರು ಎಂದು ನನಗೆ ಬರುವ ಹರಕು ಮುರುಕು ಹಿಂದಿಯಲ್ಲಿ ಎಲ್ಲವನ್ನೂ ಹೇಳಿಬಿಟ್ಟೆ. ಆಂಟಿ ಟಿವಿ ಆರಿಸಿದರು. ನನ್ನ ತಲೆ ಸವರಿ, ಈ ಬ್ಲಾಕಿನಲ್ಲಿ ಬೇರೆ ಯಾರಿಗೂ ಹೇಳಬೇಡ ಬೇಟಾ ಎಂದು ಒಳಗೆ ಹೋದರು. ತಲೆ ಸವರಿದರಲ್ಲ, ಅಷ್ಟಕ್ಕೇ ನಾನು ಕರಗಿ ನೀರಾದೆ. ಸುಮ್ಮನೆ ಇಷ್ಟು ದಿನ ಹೆದರಿದೆ ಎಂದುಕೊಂಡೆ.

ಮರುದಿನ ಬೆಳಗ್ಗೆ ಅಡುಗೆಮನೆಗೆ ಹೋದರೆ ಆಂಟಿ ಗೋಡೆ ಹಿಡಿದುಕೊಂಡು ಬಗ್ಗಿ, ಮಂಡಿ ನೋವಿಗೆ ಮುಲುಗುತ್ತಾ ಮಟ್ಕಾ ತುಂಬುತ್ತಿದ್ದರು. ಮಟ್ಕಾ ಹೊಸದು. ಹಳೆಯದು ಹೊರಗೆ ತುಳಸಿ ಕುಂಡದ ಪಕ್ಕ ಬೋರಲು ಬಿದ್ದಿತ್ತು. ಅದರ ಮರುದಿನವೂ ಹಾಗೆಯೇ. ಕಲಿತ ವಿದ್ಯೆ ಬಿಡುತ್ತದೆಯೇ? ನಮ್ಮ ಅರ್ಥ ತುರುಕಬಾರದು, ಅವರನ್ನೇ ಕೇಳಬೇಕು. ಕೇಳಿದೆ: ನಾನು ತುಂಬುತ್ತಿದ್ದೆನಲ್ಲ ಆಂಟಿ, ನೀವ್ಯಾಕೆ?

‘ತೂ ಪಢಾಈ ಕರ್, ಬೇಟಾ. ತುಝೇ ಕ್ಯೋಂ ತಕಲೀಫ್ ದೂಂ?’

ನೀನು ಓದಿಕೋ ಮಗು, ನಿನಗೇಕೆ ತೊಂದರೆ ಕೊಡಲಿ. ದನಿಯಲ್ಲಿ ಕೊಂಕಿರಲಿಲ್ಲ, ಕಣ್ಣಲ್ಲಿ ಸಿಟ್ಟಿರಲಿಲ್ಲ. ನಮ್ಮ ಶಾಸ್ತ್ರದ ಪ್ರಕಾರ ನಾನು ಇದನ್ನೇ ಬರೆದುಕೊಳ್ಳಬೇಕು: ಮನೆಯೊಡತಿ ತನ್ನ ನಡತೆಗೆ ಕೊಡುವ ಅರ್ಥ, ವಾತ್ಸಲ್ಯ. ಥೂ! ಬೈದಿದ್ದರೆ ನಾನೂ ಬೈದು ಹಗುರಾಗುತ್ತಿದ್ದೆ. ಖಿಚಡಿ ತಿನ್ನಿಸಿದ ಕೈಯನ್ನು ಏನೆಂದು ಬೈಯಲಿ? ಅಂದಿನಿಂದ ಕುಡಿಯುವ ನೀರನ್ನು ಬಾಟಲಿಯಲ್ಲಿ ಹೊರಗಿನಿಂದ ತಂದುಕೊಂಡೆ. ಆಂಟಿ ಅದನ್ನು ನೋಡಿದರು, ಬೇಡ ಎನ್ನಲಿಲ್ಲ. ತಿಂಗಳು ತುಂಬುವ ಮೊದಲೇ ಪೆಟ್ಟಿಗೆ ಕಟ್ಟಿದೆ. ಹೊರಡುವಾಗ ಆಂಟಿ ದಾರಿಗೆಂದು ಪರಾಠಾ ಸುತ್ತಿ ಕೊಟ್ಟು ಅತ್ತರು. ಆ ಅಳು ಸುಳ್ಳಲ್ಲ ಎನ್ನುವುದೇ ನನಗೆ ಇವತ್ತಿಗೂ ಸಹಿಸಲಾಗದ ಸಂಗತಿ.

ಮತ್ತೆ ಮನೆ ಹುಡುಕಾಟ, ಮತ್ತೆ ನಾಗರಾಜಣ್ಣ. ಬೇರೆ ಬ್ರೋಕರ್, ಅದೇ ಪ್ರಶ್ನೆ. ‘ಮೇಡಂ, ಆಗೇ ಕ್ಯಾ ಲಗಾತೀ ಹೈಂ ಆಪ್?’

‘ಝಾಡೂ’ ಅಂದೆ.

ಇವನೂ ನಕ್ಕ. ಮೇಡಂ ಬಹಳ ತಮಾಷೆ ಮಾಡುತ್ತಾರೆ ಎಂದು ನಾಗರಾಜಣ್ಣನಿಗೆ ಹೇಳಿದ. ನಾಗರಾಜಣ್ಣ ನಗಲಿಲ್ಲ. ನನ್ನನ್ನು ರಸ್ತೆಗೆ ಕರೆತಂದು, ಬಾಯಿ ಮುಚ್ಚಿಕೊಂಡಿದ್ದರೆ ಅರಮನೆಯಂಥ ಕೋಣೆಯಲ್ಲಿ ಇರುತ್ತಿದ್ದೆಯಲ್ಲ ಎಂದು ಗೊಣಗಿದ. ಗೌಡರಿಗೇನು, ಹೇಳುವುದು ಸುಲಭ ಅಂದೆ. ಆದರೂ ಅವನು ಜೊತೆ ಬಿಟ್ಟು ಹೋಗಲಿಲ್ಲ. ಕೊನೆಗೆ ಮುನಿರ್ಕಾದ ಇಕ್ಕಟ್ಟು ಗಲ್ಲಿಯಲ್ಲಿ ಗಾಳಿ ಬೆಳಕಿಲ್ಲದ ಒಂದು ಕೋಣೆ ಸಿಕ್ಕಿತು. ಆ ಮಾಲೀಕನಿಗೆ ಬಾಡಿಗೆ ಬಂದರೆ ಸಾಕು. ನನ್ನನ್ನು ‘ಮದ್ರಾಸಿ ಮೇಡಂ’ ಅನ್ನುತ್ತಾನೆ. ಇದೂ ಸುಳ್ಳೇ. ಗೋಡೆಯೆಲ್ಲ ತೇವ, ನಲ್ಲಿಯಲ್ಲಿ ಕಂದು ನೀರು, ಆ ಕಂದು ನೀರು ಮಾತ್ರ ನನ್ನದು.

ಹೋದ ತಿಂಗಳು ಊರಿಗೆ ಹೋಗಿದ್ದೆ. ರೈಲಿಳಿದು, ಬಸ್ಸು ಹತ್ತಿ, ಕಂಡಕ್ಟರ್ ಬಂದಾಗ ‘ಮಾತೂರು’ ಅಂದೆ. ದೆಹಲಿಯಲ್ಲಿ ಅಷ್ಟು ಜನರ ಬಾಯಲ್ಲಿ ಓಡಾಡಿದ ಹೆಸರಲ್ಲವೇ, ಒಂದು ಸಲ ಆ ಸ್ಟಾಪಿನಲ್ಲೇ ಇಳಿದು, ಊರ ನಡುಬೀದಿಯಲ್ಲಿ ನಡೆದು ಮನೆಗೆ ಬರಬೇಕು ಎಂಬ ಹಟ. ಕಾಲೋನಿ ಬಂದಾಗ ನಾನು ಏಳಲಿಲ್ಲ. ಕಂಡಕ್ಟರ್ ನನ್ನ ಮುಖ ನೋಡಿ ಸೀಟಿ ಊದಿ ಬಸ್ಸು ನಿಲ್ಲಿಸಿದ.

‘ಹನುಮಂತಪ್ಪನ ಮಗಳಲ್ವೇನವ್ವ? ಇಲ್ಲೇ ಇಳ್ಕೊ. ಅಲ್ಲಿಂದ ಇಷ್ಟೊಂದು ಲಗೇಜು ಹೊತ್ಕೊಂಡು ಯಾಕೆ ಸುಮ್ನೆ ತೊಂದ್ರೆ?’

ಒಳ್ಳೆಯ ಮನುಷ್ಯ. ತಾನೇ ನನ್ನ ಪೆಟ್ಟಿಗೆ ಎತ್ತಿ ಕೆಳಗಿಟ್ಟ. ಅಪ್ಪ ಆಲದ ಮರದ ಕೆಳಗೆ ಕಾಯುತ್ತಿದ್ದ, ನನ್ನನ್ನು ಕಂಡು ಎದ್ದು ನಿಂತ. ಇಳಿದೆ. ಬಸ್ಸು ಊರಿಗೆ ಹೋಯಿತು.